ಬಾಗಿಲು ಮುಚ್ಚಿದ ಅಮೆರಿಕಕ್ಕೆ ಮತ್ತೊಂದು ಸವಾರಿ

2024ರ ಮಾರ್ಚ್ 31ರಂದು ಒಂದು ಅಮೆರಿಕ ಮುಚ್ಚಿಹೋಯಿತು. ಭೂಪಟದ ಮೇಲಿರುವ ಅಮೆರಿಕವಲ್ಲ. ಫ್ರಾನ್ಸಿನ ಲಿಯಾನ್ ನಗರದಲ್ಲಿ ಕೂತು ‘ಐವರಿ ಟವರ್’ ಎಂಬ ಸ್ಟುಡಿಯೊದವರು ಕಂಪ್ಯೂಟರಿನೊಳಗೆ ಕಟ್ಟಿದ್ದ ಅಮೆರಿಕ. ನ್ಯೂಯಾರ್ಕಿನಿಂದ ಲಾಸ್ ಏಂಜಲೀಸ್‌ವರೆಗೆ, ಸಿಯಾಟಲ್‌ನಿಂದ ಮಯಾಮಿಯವರೆಗೆ ಒಂದೇ ಓಟದಲ್ಲಿ ಕಾರು ಓಡಿಸಿಕೊಂಡು ಹೋಗಬಹುದಿತ್ತು. ನಡುವೆ ಪರದೆ ಕಪ್ಪಾಗುತ್ತಿರಲಿಲ್ಲ, ‘ಲೋಡಿಂಗ್’ ಎಂದು ಕಾಯಿಸುತ್ತಿರಲಿಲ್ಲ. ಆಟದ ಹೆಸರು ‘ದಿ ಕ್ರ್ಯೂ’. ಯೂಬಿಸಾಫ್ಟ್ ಕಂಪನಿ ಅದನ್ನು 2014ರ ಡಿಸೆಂಬರ್ 2ರಂದು ಮಾರುಕಟ್ಟೆಗೆ ಬಿಟ್ಟಿತು. ತನ್ನ ಮೂವತ್ತನೆಯ ವರ್ಷದ ಸಂಭ್ರಮಕ್ಕೆಂದು 2016ರ ಸೆಪ್ಟೆಂಬರ್‌ನಲ್ಲಿ ಪಿಸಿ ಆವೃತ್ತಿಯನ್ನು ಪುಕ್ಕಟೆಯಾಗಿಯೂ ಹಂಚಿತು. ದುಡ್ಡು ಕೊಟ್ಟು ಆಟ ಕೊಳ್ಳುವ ಅಭ್ಯಾಸವೇ ಇಲ್ಲದ ನಮ್ಮ ಕಡೆಯ ಎಷ್ಟೋ ಹುಡುಗರಿಗೆ ಅಮೆರಿಕದ ವೀಸಾ ಸಿಕ್ಕಿದ್ದು ಆ ತಿಂಗಳಲ್ಲೇ.

ಸಾಮಾನ್ಯವಾಗಿ ಒಂದು ಆಟ ಹಳತಾದರೆ ಅದನ್ನು ಆಡುವವರು ಕಡಿಮೆಯಾಗುತ್ತಾರೆ, ಅಷ್ಟೆ. ಡಿಸ್ಕ್ ಹಾಕಿದರೆ ಆಟ ಓಡುತ್ತಲೇ ಇರುತ್ತದೆ. ಆದರೆ ದಿ ಕ್ರ್ಯೂ ಹಾಗಿರಲಿಲ್ಲ. ಒಬ್ಬರೇ ಕೂತು ಆಡುವುದಿದ್ದರೂ ಅದು ಪ್ರತಿ ಬಾರಿ ಕಂಪನಿಯ ಸರ್ವರಿನ ಬಾಗಿಲು ತಟ್ಟಿ, ಒಳಗಿನಿಂದ ಉತ್ತರ ಬಂದ ಮೇಲಷ್ಟೇ ಎಂಜಿನ್ ಚಾಲೂ ಮಾಡುತ್ತಿತ್ತು. 2023ರ ಡಿಸೆಂಬರ್‌ನಲ್ಲಿ ಅಂಗಡಿಗಳಿಂದ ಆಟವನ್ನು ತೆಗೆದರು. ಮಾರ್ಚ್ ಕೊನೆಯ ದಿನ ಸರ್ವರ್ ಆರಿಸಿದರು. ಸರ್ವರ್ ವ್ಯವಸ್ಥೆಯ ತೊಡಕು, ಲೈಸೆನ್ಸಿನ ತೊಡಕು ಎಂದು ಕಾರಣ ಕೊಟ್ಟರು. ಕಾರು ಕಂಪನಿಗಳ ಹೆಸರು, ರೇಡಿಯೊದಲ್ಲಿ ಬರುವ ಹಾಡು, ಎಲ್ಲಕ್ಕೂ ಒಪ್ಪಂದದ ಅವಧಿ ಇರುತ್ತದೆ ಎಂಬುದು ನಿಜ. ಅದಾದ ಕೆಲವೇ ದಿನಗಳಲ್ಲಿ, ಏಪ್ರಿಲ್‌ನಲ್ಲಿ, ಕೊಂಡವರ ಖಾತೆಗಳಲ್ಲಿದ್ದ ಪರವಾನಗಿಯನ್ನೂ ಕಂಪನಿ ಹಿಂತೆಗೆದುಕೊಂಡಿದೆ ಎಂಬುದು ಬೇರೆ ಬೇರೆ ದೇಶಗಳ ಆಟಗಾರರ ಗಮನಕ್ಕೆ ಬಂತು. ಮನೆ ಖಾಲಿ ಮಾಡಿಸಿದ್ದಲ್ಲದೆ ಮನೆಯ ಹಕ್ಕುಪತ್ರವನ್ನೂ ಕಿತ್ತುಕೊಂಡರು ಎಂದು ಜನ ರೊಚ್ಚಿಗೆದ್ದದ್ದು ಆಗಲೇ.

ಸುಮಾರು ಒಂದೂವರೆ ವರ್ಷ ಆ ದೇಶದಲ್ಲಿ ಒಂದು ನರಪಿಳ್ಳೆಯೂ ಓಡಾಡಲಿಲ್ಲ. ಆಮೇಲೆ 2025ರ ಸೆಪ್ಟೆಂಬರ್ 15ರಂದು ‘ದಿ ಕ್ರ್ಯೂ ಅನ್‌ಲಿಮಿಟೆಡ್’ ಎಂಬ ಹೆಸರಿನಲ್ಲಿ ಅಭಿಮಾನಿಗಳ ಗುಂಪೊಂದು ತಾವೇ ಬರೆದ ಸರ್ವರನ್ನು ಎಲ್ಲರಿಗೂ ತೆರೆದಿಟ್ಟಿತು. ಕಂಪನಿಯ ಅಪ್ಪಣೆ ಇಲ್ಲ, ಸಂಬಳ ಇಲ್ಲ, ಆಟದ ಮೂಲ ಸರ್ವರಿನ ಒಂದು ಸಾಲು ಕೋಡೂ ಕೈಯಲ್ಲಿಲ್ಲ.

ಇದು ಹೇಗೆ ಸಾಧ್ಯ ಎಂದು ಮೊದಲು ನನಗೂ ಅರ್ಥವಾಗಿರಲಿಲ್ಲ. ತಿಳಿದುಕೊಳ್ಳುತ್ತ ಹೋದಂತೆ ಸೋಜಿಗ ಹೆಚ್ಚಾಯಿತೇ ಹೊರತು ಕಡಿಮೆಯಾಗಲಿಲ್ಲ. ಬೆಟ್ಟ, ಸೇತುವೆ, ಊರು, ಕಾರು, ಜೋಳದ ಹೊಲ ಎಲ್ಲವೂ ನಮ್ಮ ನಮ್ಮ ಕಂಪ್ಯೂಟರುಗಳಲ್ಲೇ ಇದ್ದವು. ಇಡೀ ದೇಶ ನಮ್ಮ ಹಾರ್ಡ್ ಡಿಸ್ಕಿನಲ್ಲೇ ಬಿದ್ದಿತ್ತು. ಸರ್ವರಿನ ಬಳಿ ಇದ್ದದ್ದು ಅಧಿಕಾರ ಮಾತ್ರ: ನೀನು ಯಾರು, ನಿನ್ನ ಬಳಿ ಯಾವ ಕಾರಿದೆ, ಎಷ್ಟು ದುಡ್ಡಿದೆ, ಯಾವ ರೇಸು ಗೆದ್ದಿದ್ದೀಯ ಎಂಬ ಲೆಕ್ಕಪತ್ರ, ಜೊತೆಗೆ ಯಾರನ್ನು ಯಾರ ಜೊತೆ ಬೆರೆಸಬೇಕು ಎಂಬ ತೀರ್ಮಾನ. ಆಟ ಒಂದು ಪ್ರಶ್ನೆ ಕೇಳುತ್ತದೆ, ಸರ್ವರ್ ಉತ್ತರಿಸುತ್ತದೆ. ಇಂಥ ಕೆಲಸಕ್ಕೆ ಇಳಿಯುವವರು ಆ ಸಂಭಾಷಣೆಯನ್ನು ಕದ್ದು ಕೇಳುತ್ತಾರೆ. ಬೈಟ್ ಬೈಟಾಗಿ ಬಿಡಿಸಿ, ಈ ಅಂಕಿ ಕಾರಿನದು, ಇದು ಲೆವೆಲ್ಲಿನದು, ಇದು ಬರೀ ‘ಹೂಂ, ಕೇಳಿಸಿತು’ ಎನ್ನುವುದು ಎಂದು ಗುರುತಿಸುತ್ತಾರೆ. ಕೊನೆಗೆ ಅದೇ ಪ್ರಶ್ನೆಗೆ ಅದೇ ಧಾಟಿಯಲ್ಲಿ ಉತ್ತರ ಕೊಡುವ ಬೇರೊಂದು ಪ್ರೋಗ್ರಾಮ್ ಬರೆಯುತ್ತಾರೆ. ಆಟಕ್ಕೆ ತಾನು ಮಾತಾಡುತ್ತಿರುವುದು ಕಂಪನಿಯ ಜೊತೆಯೋ ಯಾವನೋ ಅಭಿಮಾನಿಯ ಜೊತೆಯೋ ಗೊತ್ತಾಗುವುದೇ ಇಲ್ಲ. ಈ ಸರ್ವರನ್ನು ನಮ್ಮ ಸ್ವಂತ ಕಂಪ್ಯೂಟರಿನಲ್ಲೇ ಓಡಿಸಿಕೊಂಡು ಒಬ್ಬರೇ ತಿರುಗಬಹುದು; ಇಲ್ಲವೇ ಅವರ ಸರ್ವರಿಗೆ ಸೇರಿ ಬೇರೆಯವರ ಜೊತೆ ಓಡಿಸಬಹುದು.

ಈ ವಿದ್ಯೆ ಹೊಸದೇನಲ್ಲ. 2010ರಲ್ಲಿ ಬಂದು 2015ರ ಜುಲೈನಲ್ಲಿ ಮುಚ್ಚಿದ ‘ನೀಡ್ ಫಾರ್ ಸ್ಪೀಡ್: ವರ್ಲ್ಡ್’ ಆಟವನ್ನು ಹೀಗೇ ಅಭಿಮಾನಿಗಳು ಎಬ್ಬಿಸಿ ಕೂರಿಸಿ ವರ್ಷಗಳೇ ಆಗಿವೆ. ಅಲ್ಲಿಗೂ ಆಗೀಗ ಹೋಗಿಬಂದಿದ್ದೇನೆ. ಆದರೆ ಅದು ಒಂದು ಊರು, ಇದು ದೇಶ. ಹೊರಡುವುದಾದರೆ ದೇಶಕ್ಕೇ ಹೊರಡಬೇಕು.

ಹಳೆಯ ಹಾರ್ಡ್ ಡಿಸ್ಕಿನಲ್ಲಿ ಆಟದ ಫೋಲ್ಡರ್ ಉಳಿದಿತ್ತು. ಅದಕ್ಕೆ ಅಭಿಮಾನಿಗಳ ಲಾಂಚರ್ ಜೋಡಿಸಿ ಬಟನ್ ಒತ್ತಿದೆ. ಪರಿಚಿತ ಸಂಗೀತ ಶುರುವಾಯಿತು. ನಾನು ಕೂಡಿಟ್ಟಿದ್ದ ಕಾರುಗಳಾಗಲಿ, ಐವತ್ತರವರೆಗೆ ಏರಿಸಿದ್ದ ಲೆವೆಲ್ಲಾಗಲಿ ಇರಲಿಲ್ಲ. ಅವೆಲ್ಲ ಆರಿದ ಸರ್ವರಿನಲ್ಲಿದ್ದವು, ಅದರ ಜೊತೆಗೇ ಹೋದವು. ಒಂದನೇ ಲೆವೆಲ್ಲಿನಿಂದ, ಡೆಟ್ರಾಯಿಟ್‌ನಿಂದ, ಎಲ್ಲ ಹೊಸದಾಗಿ.

ಕಥೆ ಇದೆ, ಆದರೆ ಅದನ್ನು ಎರಡು ಮಾತಿನಲ್ಲಿ ಮುಗಿಸುತ್ತೇನೆ. ಅಲೆಕ್ಸ್ ಟೇಲರ್ ಎಂಬ ಕನ್ನಡಕದ ಗಡ್ಡಧಾರಿ, ಅಣ್ಣನನ್ನು ಕೊಂದವರ ಸೇಡು ತೀರಿಸಿಕೊಳ್ಳಲು ಕಾರು ಕಳ್ಳರ ಕ್ಲಬ್ಬಿನೊಳಗೆ ಗುಪ್ತವಾಗಿ ಸೇರಿಕೊಳ್ಳುತ್ತಾನೆ. ನಮ್ಮ ಎಂಬತ್ತರ ದಶಕದ ಯಾವ ಸಿನಿಮಾಕ್ಕಾದರೂ ಹೊಂದುತ್ತಿತ್ತು. ಈ ಅಲೆಕ್ಸ್ ಥೇಟ್ ‘ಹಾಫ್ ಲೈಫ್’ ಆಟದ ನಾಯಕ ಗಾರ್ಡನ್ ಫ್ರೀಮನ್ ಥರ ಕಾಣುತ್ತಾನೆಂದು ಆಟಗಾರರು ಮೊದಲಿನಿಂದ ತಮಾಷೆ ಮಾಡುತ್ತಿದ್ದರು. ಆ ತಮಾಷೆ ಮುಂದೆ ಬೇರೊಂದು ರೀತಿಯಲ್ಲಿ ನಿಜವಾಯಿತು, ಅದನ್ನು ಆಮೇಲೆ ಹೇಳುತ್ತೇನೆ.

ಮೊದಲ ಕಾರು ಆರಿಸಿಕೋ ಎಂದು ನಾಲ್ಕನ್ನು ಮುಂದಿಡುತ್ತಾರೆ: ಫೋರ್ಡ್ ಮಸ್ಟ್ಯಾಂಗ್, ಶೆವರ್ಲೆ ಕಮಾರೊ, ಡಾಡ್ಜ್ ಚಾಲೆಂಜರ್, ನಿಸಾನ್ 370ಝಡ್. ಡೆಟ್ರಾಯಿಟ್‌ನ ಮಣ್ಣಿನಲ್ಲಿ ನಿಂತು ಜಪಾನಿನ ಕಾರು ಹತ್ತುವುದಕ್ಕೆ ನನ್ನ ಮನಸ್ಸು ಒಪ್ಪಲಿಲ್ಲ. ಚಲಿಸುವ ಜೋಡಣೆ ಸಾಲಿನಲ್ಲಿ ಫೋರ್ಡ್‌ನ ಮಾಡೆಲ್ ಟಿ ಕಾರುಗಳು ಹೊರಬರತೊಡಗಿದ್ದು 1913ರಲ್ಲಿ, ಇದೇ ಊರಿನ ಒಡಲಿನ ಹೈಲ್ಯಾಂಡ್ ಪಾರ್ಕಿನಲ್ಲಿ. ಮಸ್ಟ್ಯಾಂಗ್ ಹತ್ತಿದೆ. ಆಟ ತಯಾರಾಗುತ್ತಿದ್ದ ಹೊತ್ತಿಗೇ, 2013ರ ಜುಲೈನಲ್ಲಿ, ನಿಜವಾದ ಡೆಟ್ರಾಯಿಟ್ ದಿವಾಳಿ ಅರ್ಜಿ ಹಾಕಿತ್ತು. ಆಟದೊಳಗಿನ ಊರಿನಲ್ಲೂ ಆ ಕಳೆ ಇದೆ: ಕಾರ್ಖಾನೆಗಳ ಬೋಳು ಗೋಡೆ, ಹಾಳುಬಿದ್ದ ಅಂಗಳ, ಅದರಾಚೆ ಹೊಳೆಯುವ ಗಾಜಿನ ಗೋಪುರ.

ನನ್ನದೇ ಕಂಪ್ಯೂಟರಿನ ಸರ್ವರಿನಲ್ಲಿ, ಒಬ್ಬನೇ, ಊರು ಬಿಟ್ಟು ಹೊರಟೆ. ರೇಸು ಬೇಡ, ಕಥೆ ಬೇಡ, ಪಡುವಣ ಕಡಲು ಕಾಣಬೇಕು ಅಷ್ಟೆ.

ಈ ದೇಶದ ಅಳತೆಯ ಬಗ್ಗೆ ಮೊದಲು ಹೇಳಿಬಿಡಬೇಕು. ನಿಜವಾದ ನ್ಯೂಯಾರ್ಕಿನಿಂದ ಲಾಸ್ ಏಂಜಲೀಸಿಗೆ ರಸ್ತೆಯಲ್ಲಿ ಸುಮಾರು 4,500 ಕಿಲೊಮೀಟರ್. ಆಟದಲ್ಲಿ ಆ ಹಾದಿ ಮುಕ್ಕಾಲು ಗಂಟೆಯ ಆಸುಪಾಸಿನಲ್ಲಿ ಮುಗಿಯುತ್ತದೆ. ಸೀರೆಯನ್ನು ನೆರಿಗೆ ಹಿಡಿದ ಹಾಗೆ ದೇಶವನ್ನು ಹಿಡಿದಿದ್ದಾರೆ: ಅಂಚು ಅಂಚು ಹೊರಗೆ ಕಾಣುತ್ತದೆ, ನಡುವಿನ ಗಜಗಟ್ಟಲೆ ಬಟ್ಟೆ ಒಳಗೆ ಹೋಗಿದೆ. ಶಿಕಾಗೊ ದಾಟಿ ಐದು ನಿಮಿಷಕ್ಕೆಲ್ಲ ಹೊಲಗಳು. ಹೊಲ ಮುಗಿಯಿತು ಎನ್ನುವಷ್ಟರಲ್ಲಿ ಗುಡ್ಡ. ಆದರೂ ಮೋಸ ಅನ್ನಿಸುವುದಿಲ್ಲ. ಕಾರಣ, ಮುಕ್ಕಾಲು ಗಂಟೆ ಎಂದರೆ ಒಂದೇ ಸಮ ಆಕ್ಸಿಲರೇಟರ್ ಒತ್ತಿಕೊಂಡು ಕೂರುವವನಿಗೆ ಸಣ್ಣ ಹೊತ್ತಲ್ಲ. ನಡುವೆ ಒಂದೆರಡು ಸಲ ಸೂರ್ಯ ಮುಳುಗಿ ಹುಟ್ಟುತ್ತಾನೆ. ಬೆನ್ನು ನೋಯುತ್ತದೆ. ದೂರ ಎಂಬುದು ಮೈಗೆ ಗೊತ್ತಾಗುತ್ತದೆ.

ಶಿಕಾಗೊದಲ್ಲಿ ನಿಲ್ಲಲಿಲ್ಲ. ಆಟದ ನಗರಗಳೆಲ್ಲ ಚೆನ್ನಾಗಿವೆ, ಆದರೆ ಇಂದಿನ ಆಟಗಳ ನಗರಗಳ ಎದುರು ಮಂಕು. ಗೋಡೆಗಳು ಚಪ್ಪಟೆ, ಜನ ಗೊಂಬೆಗಳು. ಕಾರು ಹತ್ತಿರ ಬಂದರೆ ಹಾರಿ ಪಕ್ಕಕ್ಕೆ ಬೀಳುತ್ತಾರೆ, ಎದ್ದು ಬಯ್ಯುತ್ತಾರೆ. ಹನ್ನೊಂದು ವರ್ಷದ ಹಿಂದಿನ ಕೆಲಸ, ವಯಸ್ಸು ಕಾಣುತ್ತದೆ. ವಯಸ್ಸು ಕಾಣದೆ ಇರುವುದು ಊರುಗಳ ನಡುವಿನ ಜಾಗದಲ್ಲಿ.

ಹೆದ್ದಾರಿಯಿಂದ ಬಲಕ್ಕೆ ಇಳಿದೆ. ಬೇಲಿ ಮುರಿದುಕೊಂಡು ಕಾರು ಜೋಳದ ಹೊಲಕ್ಕೆ ನುಗ್ಗಿತು. ತೆನೆಗಳು ಬಾನೆಟ್ಟಿಗೆ ಬಡಿಯುತ್ತ ಎರಡೂ ಬದಿಗೆ ಮಲಗಿದವು. ಹಿಂದೆ ತಿರುಗಿ ನೋಡಿದರೆ ಕಂದು ಬಣ್ಣದ ಗೆರೆಯೊಂದು ನನ್ನ ಬೆನ್ನಿಗೇ ಬರುತ್ತಿತ್ತು. ಹೊಲದ ಆಚೆ ಕಂಬಿ. ಕಂಬಿಯ ಮೇಲೆ ಗೂಡ್ಸ್ ರೈಲು ಬರುತ್ತಿತ್ತು. ನಾನು ಲೆವೆಲ್ ಕ್ರಾಸಿಂಗಿನ ಪಕ್ಕದ ದಿಬ್ಬದ ಮೇಲೆ ನಿಲ್ಲಿಸಿದೆ. ಎಂಜಿನ್ ದಾಟಿತು, ಹಿಂದೆ ಡಬ್ಬಿಗಳು ಒಂದಾದ ಮೇಲೊಂದು. ಈ ರೈಲಿನಲ್ಲಿ ಯಾರಿಗೂ ಏನೂ ಸಿಗುವುದಿಲ್ಲ: ಅದನ್ನು ಹತ್ತುವಂತಿಲ್ಲ, ಅದರ ಜೊತೆ ರೇಸಿಲ್ಲ, ನೋಡಿದ್ದಕ್ಕೆ ಅಂಕವಿಲ್ಲ. ಲಿಯಾನಿನ ಯಾರೋ ಒಬ್ಬರು ದಿನಗಟ್ಟಲೆ ಕೂತು ಅದರ ಚಕ್ರದ ಸದ್ದು, ಕಂಬಿಯ ತಿರುವು, ಡಬ್ಬಿಯ ತುಕ್ಕು ಎಲ್ಲವನ್ನೂ ಮಾಡಿಟ್ಟಿದ್ದಾರೆ. ಸ್ವಿಚ್ ಆರಿಸಿದಾಗ ಈ ರೈಲೂ ನಿಂತಿತ್ತು. ಈಗ ಯಾರೂ ಕೇಳದೆ ಇದ್ದರೂ ಮತ್ತೆ ಓಡುತ್ತಿದೆ. ನಾನು ಆ ದಿಬ್ಬದ ಮೇಲೆ ಎಷ್ಟು ಹೊತ್ತು ನಿಂತಿದ್ದೆನೋ, ಮುಂದಿನ ರೈಲೂ ಬಂತು.

ಆಮೇಲೆ ಮೌಂಟ್ ರಶ್‌ಮೋರ್. ವಾಷಿಂಗ್ಟನ್, ಜೆಫರ್ಸನ್, ರೂಸ್ವೆಲ್ಟ್, ಲಿಂಕನ್. 1927ರಿಂದ 1941ರವರೆಗೆ ಬೆಟ್ಟದಲ್ಲಿ ಕಡೆದ, ಒಂದೊಂದೂ ಸುಮಾರು ಹದಿನೆಂಟು ಮೀಟರ್ ಎತ್ತರದ ನಾಲ್ಕು ಮುಖಗಳು. ಆಟದಲ್ಲಿ ಅವು ತಿರುವಿನಾಚೆ ತಟ್ಟನೆ ಎದುರಾಗುತ್ತವೆ. ಮೊದಲ ಸಲ ನೋಡಿದಾಗ ಇದ್ದ ಬೆರಗು ಈ ಸಲವೂ ಇತ್ತು. ಅದಕ್ಕಿಂತ ಖುಷಿ ಕೊಟ್ಟದ್ದು ಅಲ್ಲಿಗೆ ಹೋಗುವ ಕಾಡಿನ ಹಾದಿ. ಪೈನ್ ಮರಗಳ ನಡುವೆ ಜಿಂಕೆಯೊಂದು ದೀಪದ ಬೆಳಕಿಗೆ ತಲೆಯೆತ್ತಿ, ಚಂಗನೆ ಹಾರಿ ಮಾಯವಾಯಿತು. ನಾನು ಬ್ರೇಕ್ ಹಾಕಿದ್ದೆ. ಆಟದ ಜಿಂಕೆಗೆ ಬ್ರೇಕ್ ಹಾಕುವವನನ್ನು ನೋಡಿ ಮನೆಯವರು ನಕ್ಕರೆ ನಗಲಿ.

ಪಡುವಣಕ್ಕೆ ಹೋದಂತೆ ರಾಕಿ ಪರ್ವತಗಳು, ಹಿಮ. ರಸ್ತೆ ಬಿಳಿಯಾಗಿ ಕಾರು ಬಾಲ ಅಲ್ಲಾಡಿಸತೊಡಗಿತು. ಈ ಆಟದ ಒಂದು ಚಮತ್ಕಾರ ನನಗೆ ಇನ್ನೂ ಬೇಸರ ತಂದಿಲ್ಲ: ಮ್ಯಾಪ್ ಗುಂಡಿ ಒತ್ತಿದರೆ ಕ್ಯಾಮೆರಾ ಕಾರಿನಿಂದ ಮೇಲೇಳುತ್ತದೆ. ಕಾರು ಚುಕ್ಕೆ, ರಸ್ತೆ ಗೆರೆ, ಬೆಟ್ಟದ ಸಾಲು, ಮೋಡ, ಕೊನೆಗೆ ಎರಡು ಸಾಗರಗಳ ನಡುವಿನ ಇಡೀ ಭೂಮಿ. ಮತ್ತೆ ಒತ್ತಿದರೆ ಅಷ್ಟೂ ಎತ್ತರದಿಂದ ಇಳಿದು ನೇರ ನಮ್ಮ ಕಾರಿನ ಬೆನ್ನಿಗೆ. ಎಲ್ಲೂ ಕತ್ತರಿ ಇಲ್ಲ. ಹಿಮದ ನಡುವೆ ಕಾರು ನಿಲ್ಲಿಸಿ ಸುಮ್ಮನೆ ಮೇಲೆ ಹೋಗುವುದು, ಕೆಳಗೆ ಬರುವುದು ಮಾಡುತ್ತಿದ್ದೆ. 2014ರ ಕಂಪ್ಯೂಟರುಗಳಲ್ಲಿ ಇದನ್ನು ಹೇಗೆ ಮಾಡಿದರೋ! ಇದೇ ಲಿಯಾನಿನವರ ಹಿಂದಿನ ಬಳಗ ಈಡನ್ ಗೇಮ್ಸ್‌ನಲ್ಲಿದ್ದಾಗ 2006ರಲ್ಲೇ ಹವಾಯಿಯ ಓವಾಹು ದ್ವೀಪವನ್ನು ‘ಟೆಸ್ಟ್ ಡ್ರೈವ್ ಅನ್‌ಲಿಮಿಟೆಡ್’ ಆಟಕ್ಕೆ ಇಳಿಸಿದ್ದರು. ದ್ವೀಪದಿಂದ ಖಂಡಕ್ಕೆ ಅವರ ಜಿಗಿತ. ಅಭಿಮಾನಿಗಳು ತಮ್ಮ ಸರ್ವರಿಗೆ ‘ಅನ್‌ಲಿಮಿಟೆಡ್’ ಎಂಬ ಬಾಲ ಸೇರಿಸಿದ್ದು ಸುಮ್ಮನೆ ಅಲ್ಲವೇನೋ.

ಉಪ್ಪಿನ ಬಯಲಿಗೆ ಬಂದಾಗ ಒಬ್ಬನೇ ಇರುವುದು ಸಾಕೆನ್ನಿಸಿತು. ಆಟದಿಂದ ಹೊರಬಂದು, ಈ ಸಲ ಅಭಿಮಾನಿಗಳ ಸರ್ವರಿಗೆ ಸೇರಿದೆ. ಯೂಟಾದ ಬಾನ್‌ವಿಲ್ ಉಪ್ಪಿನ ಬಯಲು ಎಂದರೆ ವೇಗದ ಹುಚ್ಚರ ಯಾತ್ರಾಸ್ಥಳ. 1970ರ ಅಕ್ಟೋಬರ್‌ನಲ್ಲಿ ‘ಬ್ಲೂ ಫ್ಲೇಮ್’ ಎಂಬ ರಾಕೆಟ್ ಕಾರು ಗಂಟೆಗೆ ಸಾವಿರ ಕಿಲೊಮೀಟರಿನ ಗಡಿ ದಾಟಿದ್ದು ಅಲ್ಲೇ. ಆಟದ ಉಪ್ಪಿನ ಬಯಲಿನಲ್ಲಿ ದಿಕ್ಕು ಹೇಳಲು ಏನೂ ಇಲ್ಲ. ಬಿಳಿ ನೆಲ, ನೀಲಿ ಆಕಾಶ, ಅಂಚಿನಲ್ಲಿ ಬೆಟ್ಟದ ಒಂದು ಗೆರೆ. ಆ ಬಿಳಿಯ ಮೇಲೆ ದೂರದಲ್ಲಿ ಧೂಳೆಬ್ಬಿಸುತ್ತ ಒಂದು ಚುಕ್ಕೆ ಹೋಗುತ್ತಿತ್ತು.

ಅದು ಆಟದ ಕಾರಲ್ಲ, ಮನುಷ್ಯ. ಆಟದ ಕಾರುಗಳು ರಸ್ತೆ ಬಿಡುವುದಿಲ್ಲ, ಹಾಗೆ ಗೊತ್ತುಗುರಿಯಿಲ್ಲದೆ ಸುತ್ತುವುದಿಲ್ಲ. ಹತ್ತಿರ ಹೋದೆ. ಅವನು ವೇಗ ತಗ್ಗಿಸಿದ. ನನ್ನ ಸುತ್ತ ಒಂದು ಸುತ್ತು ಹಾಕಿದ, ಹಾಕಿ ನಿಂತ. ಯಾವ ದೇಶದವನೋ, ಗಂಡೋ ಹೆಣ್ಣೋ ಗೊತ್ತಿಲ್ಲ. ಹೆಸರಿನ ಜಾಗದಲ್ಲಿ ಅಕ್ಷರ, ಅಂಕಿಗಳ ಕಲಸುಮೇಲೋಗರ. ಸ್ವಲ್ಪ ಹೊತ್ತಿಗೆ ಕ್ರ್ಯೂ ಸೇರು ಎಂಬ ಆಹ್ವಾನ ಪರದೆಯ ಮೇಲೆ ಮೂಡಿತು. ಈ ಆಟದಲ್ಲಿ ನಾಲ್ಕು ಜನ ಕೂಡಿ ಒಂದು ತಂಡವಾಗಬಹುದು. ಒಪ್ಪಿಕೊಂಡೆ. ಆಮೇಲೆ ಮೂರನೆಯ ಚುಕ್ಕೆಯೂ ಬಂತು. ಯಾರೂ ಮಾತಾಡಲಿಲ್ಲ, ರೇಸು ಕಟ್ಟಲಿಲ್ಲ. ಮೂವರೂ ಸಾಲಾಗಿ ತೆಂಕಣ ದಿಕ್ಕಿಗೆ ಓಡಿಸತೊಡಗಿದೆವು. ಕಂಪನಿ ನಡೆಸುತ್ತಿದ್ದ ಕಾಲದಲ್ಲಿ ಇಂಥ ಆಹ್ವಾನ ಬಂದರೆ ಎಲ್ಲರಿಗೂ ಅವಸರ. ಅಂಕ, ದುಡ್ಡು, ಬಿಡಿಭಾಗ ಬೇಕು, ರೇಸು ಮುಗಿದ ಕೂಡಲೇ ಮಾಯ. ಈಗ ಇಲ್ಲಿಗೆ ಬರುವವರು ಇಷ್ಟೆಲ್ಲ ಸಾಹಸ ಮಾಡಿ ಬಂದವರು. ಅವರಿಗೆ ಬೇಕಾಗಿರುವುದು ಊರು. ಹೀಗೆ ಎಬ್ಬಿಸಿದ ಆಟಗಳಲ್ಲಿ ಕಾಣುವ ಸಭ್ಯತೆ ಹೊಸ ಆಟಗಳಲ್ಲಿ ನನಗೆ ಕಂಡಿಲ್ಲ.

ಉಪ್ಪು ಮುಗಿದು ಕೆಂಪು ಮಣ್ಣು ಶುರುವಾಯಿತು. ಮಾನ್ಯುಮೆಂಟ್ ವ್ಯಾಲಿಯ ಬಂಡೆಗಳು ಮೊದಲು ಒಂದೊಂದಾಗಿ, ಆಮೇಲೆ ಗುಂಪಾಗಿ ಎದ್ದು ನಿಂತವು. ಸೂರ್ಯ ಎಡಗಡೆ ಏರುತ್ತಿದ್ದ. ಒಂದೊಂದು ಬಂಡೆಯ ನೆರಳೂ ಮೈಲುಗಟ್ಟಲೆ ಉದ್ದ ಚಾಚಿತ್ತು. ನೆರಳಿನೊಳಗೆ ಹೊಕ್ಕಾಗ ಮುಂದಿನವನ ಹಿಂದೀಪ ಮಾತ್ರ ಕೆಂಪಗೆ ಕಾಣುತ್ತಿತ್ತು, ಹೊರಗೆ ಬಂದರೆ ಕಾರು, ನೆಲ, ಧೂಳು ಎಲ್ಲ ಒಂದೇ ಬಣ್ಣ. ಮುಂದಿನವನು ಬೇಕೆಂದೇ ರಸ್ತೆ ಬಿಟ್ಟು ದಿಬ್ಬ ಹತ್ತಿ ಹಾರಿದ. ಮೂರನೆಯವನು ಹಾರಲು ಹೋಗಿ ಪಲ್ಟಿ ಹೊಡೆದ. ಇಬ್ಬರೂ ನಿಂತು ಕಾದೆವು. ಕಾಯುವುದಕ್ಕೆ ಯಾರೂ ಅಂಕ ಕೊಡಲಿಲ್ಲ.

ಲಾಸ್ ವೇಗಸ್‌ನಲ್ಲಿ ದೀಪ ಜಾಸ್ತಿ, ಹೇಳುವುದಕ್ಕೆ ಬೇರೇನಿಲ್ಲ. ಅಲ್ಲಿ ಒಬ್ಬ ಹೊರಟುಹೋದ. ಊರಾಚೆ ಡೆತ್ ವ್ಯಾಲಿಗೆ ಇಳಿದೆವು. ನಿಜವಾದ ಡೆತ್ ವ್ಯಾಲಿಯ ತಳ ಸಮುದ್ರಮಟ್ಟಕ್ಕಿಂತ 86 ಮೀಟರ್ ಕೆಳಗಿದೆ. ಅಲ್ಲಿಂದ ಮೇಲೆ ಹತ್ತಿದರೆ ಸಿಕೋಯಾ ಮರಗಳ ಕಾಡು. ಕ್ಯಾಲಿಫೋರ್ನಿಯಾದ ‘ಜನರಲ್ ಶರ್ಮನ್’ ಎಂಬ ಸಿಕೋಯಾ 84 ಮೀಟರ್ ಹತ್ತಿರ ಎತ್ತರವಿದೆ. ಆಟದವರು ಆ ಗಾತ್ರಕ್ಕೆ ಮರ್ಯಾದೆ ಕೊಟ್ಟಿದ್ದಾರೆ. ಬುಡದ ಪಕ್ಕ ಹಾಯುವಾಗ ಮಸ್ಟ್ಯಾಂಗ್ ಆಟಿಕೆಯಾಗಿಬಿಟ್ಟಿತು. ದೇಶವನ್ನು ಅಷ್ಟೊಂದು ಮಡಚಿದವರು ಮರವನ್ನು ಮಡಚಲಿಲ್ಲ.

ಸ್ಯಾನ್ ಫ್ರಾನ್ಸಿಸ್ಕೊ ಹತ್ತಿರ ಬಂದಾಗ ಒಂದು ತಮಾಷೆ ನಡೆಯಿತು. ಚಿಕ್ಕಪ್ಪನ ಮಗಳು ಫ್ರೀಮಾಂಟಿನಲ್ಲಿದ್ದಾಳೆ. ಬೇ ಏರಿಯಾದ ಆ ಭಾಗದಲ್ಲಿ ಎಷ್ಟು ಕನ್ನಡಿಗರಿದ್ದಾರೆಂದರೆ, ಅಲ್ಲಿ ಯಾರದಾದರೂ ಮನೆ ಇಲ್ಲದ ಕುಟುಂಬ ಬೆಂಗಳೂರಲ್ಲಿ ಸಿಗುವುದು ಕಷ್ಟ. ಅವಳ ವಿಡಿಯೊ ಕಾಲ್ ಬಂತು. ಫೋನನ್ನು ಪರದೆಗೆ ತಿರುಗಿಸಿ ಹಿಡಿದೆ.

“ಅಣ್ಣಾ, ಇದು ಗೋಲ್ಡನ್ ಗೇಟ್ ಅಲ್ವಾ? ಈ ಕಡೆಯಿಂದ್ಲೇ ನಾವು ಹೋಗೋದು.”

“ಹೌದಮ್ಮ. 1937ರದ್ದು. ನಿನ್ನ ಮನೆಗೂ ಬರ್ತೀನಿ, ದಾರಿ ಹೇಳು.”

“ಬ್ರಿಜ್ ಬಿಡು, ಕೆಳಗಡೆ ಬಾ. ಬೇ ದಾಟಿ ಈಚೆ.”

ಅವಳು ಹೇಳಿದ ಕಡೆಯೆಲ್ಲ ತಿರುಗಿದೆ. ನೀರಿದೆ, ಗುಡ್ಡವಿದೆ, ರಸ್ತೆಯಿದೆ. ನಾನು ಹುಡುಕಿದಷ್ಟರಲ್ಲಿ ಫ್ರೀಮಾಂಟ್ ಸಿಗಲಿಲ್ಲ. ಸನಿವೇಲ್ ಕೂಡ ಸಿಗಲಿಲ್ಲ. ಇಬ್ಬರು ಮಕ್ಕಳ ಶಾಲೆ, ಭಾವನ ಆಫೀಸು, ಶುಕ್ರವಾರ ಹೋಗುವ ದೇವಸ್ಥಾನ, ಅಷ್ಟೂ ಮಡಿಕೆಯೊಳಗೆ ಹೋಗಿವೆ.

“ಸರಿ ಹೋಯ್ತು. ಮೂವತ್ತು ವರ್ಷದ ಲೋನ್ ಇದೆ ಅಣ್ಣಾ ಆ ಮನೆ ಮೇಲೆ, ಮ್ಯಾಪಲ್ಲೇ ಇಲ್ವಾ?” ಎಂದು ಅವಳು ನಕ್ಕಳು. ಆಮೇಲೆ ಕೇಳಿದಳು, “ಅದ್ಸರಿ, ಈ ಆಟ ನಿಂತುಹೋಗಿತ್ತು ಅಂದೆ. ದುಡ್ಡು ಕೊಟ್ಟು ತಗೊಂಡವ್ರದ್ದು ಏನಾಯ್ತು?”

ಅವಳ ಪ್ರಶ್ನೆಗೆ ಉತ್ತರ ಅವಳದೇ ರಾಜ್ಯದಲ್ಲಿ ಶುರುವಾಗಿತ್ತು. 2024ರ ನವೆಂಬರ್‌ನಲ್ಲಿ ಕ್ಯಾಲಿಫೋರ್ನಿಯಾದ ಇಬ್ಬರು ಆಟಗಾರರು ಇದೇ ಆಟದ ವಿಚಾರವಾಗಿ ಯೂಬಿಸಾಫ್ಟ್ ಮೇಲೆ ದಾವೆ ಹೂಡಿದರು. ಕಂಪನಿಯ ವಾದ: ನೀವು ಕೊಂಡದ್ದು ಆಟವನ್ನಲ್ಲ, ಆಡಲು ಸೀಮಿತ ಪರವಾನಗಿಯನ್ನು. ಕಾಗದದ ಮೇಲೆ ಅದು ಸರಿ ಇರಬಹುದು. ಆದರೆ ಅಂಗಡಿಯಲ್ಲಿ ಡಬ್ಬಿ ಕೊಂಡು, ಬಿಲ್ಲು ಮಾಡಿಸಿ, ಮನೆಗೆ ತಂದವನಿಗೆ ಅದು ಬಾಡಿಗೆಗೆ ತಂದದ್ದು ಎಂದು ಹತ್ತು ವರ್ಷದ ಮೇಲೆ ಹೇಳುವುದಕ್ಕೆ ಏನೆನ್ನಬೇಕು? ಕ್ಯಾಲಿಫೋರ್ನಿಯಾ ಸರ್ಕಾರ ಇಷ್ಟು ಮಾಡಿದೆ: ಪರವಾನಗಿ ಮಾತ್ರ ಮಾರುವುದಿದ್ದರೆ ಅದನ್ನು ಗಿರಾಕಿಗೆ ಸ್ಪಷ್ಟವಾಗಿ ತಿಳಿಸದೆ ‘ಖರೀದಿಸಿ’ ಎಂಬ ಗುಂಡಿ ಇಡುವಂತಿಲ್ಲ ಎಂಬ ಕಾನೂನು 2025ರ ಜನವರಿ 1ರಿಂದ ಅಲ್ಲಿ ಜಾರಿಯಲ್ಲಿದೆ. ಇದು ಆಟವನ್ನು ಉಳಿಸುವುದಿಲ್ಲ, ಸಾಯುತ್ತದೆ ಎಂದು ಮೊದಲೇ ಹೇಳುತ್ತದೆ, ಅಷ್ಟೆ.

ಇನ್ನೂ ದೊಡ್ಡದು ಯುರೋಪಿನಲ್ಲಿ ನಡೆಯಿತು. ಅದರ ಹಿಂದಿದ್ದವನು ರಾಸ್ ಸ್ಕಾಟ್ ಎಂಬ ಯೂಟ್ಯೂಬಿಗ. ಗಾರ್ಡನ್ ಫ್ರೀಮನ್ ತಲೆಯೊಳಗೆ ಏನು ಓಡುತ್ತಿರಬಹುದು ಎಂದು ಕಲ್ಪಿಸಿ ‘ಫ್ರೀಮನ್ಸ್ ಮೈಂಡ್’ ಎಂಬ ನಗೆ ಸರಣಿ ಮಾಡಿ ಹೆಸರಾದವನು ಅವನೇ. ಫ್ರೀಮನ್‌ನನ್ನೇ ಹೋಲುವ ನಾಯಕನ ಆಟ ಸತ್ತಾಗ ಅದರ ಪರ ನಿಂತವನೂ ಅವನೇ ಆದದ್ದು ಎಂಥ ಕಾಕತಾಳೀಯ! 2024ರ ಏಪ್ರಿಲ್‌ನಲ್ಲಿ, ದಿ ಕ್ರ್ಯೂ ಮುಚ್ಚಿದ ಬೆನ್ನಿಗೇ, ಅವನು ‘ಸ್ಟಾಪ್ ಕಿಲ್ಲಿಂಗ್ ಗೇಮ್ಸ್’ ಎಂಬ ಚಳವಳಿ ಆರಂಭಿಸಿದ. ಬೇಡಿಕೆ ವಿಪರೀತದ್ದೇನಲ್ಲ. ಸರ್ವರನ್ನು ಕಂಪನಿ ಕೊನೆಯವರೆಗೂ ನಡೆಸಬೇಕೆಂದು ಯಾರೂ ಕೇಳುತ್ತಿಲ್ಲ. ಬಾಗಿಲು ಹಾಕುವಾಗ ಆಟ ಹೇಗಾದರೂ ಓಡುವ ಸ್ಥಿತಿಯಲ್ಲಿ ಬಿಟ್ಟುಹೋಗಿ ಎಂದು ಕೇಳುತ್ತಿದ್ದಾರೆ. ಯುರೋಪಿಯನ್ ಒಕ್ಕೂಟದ ನಾಗರಿಕ ಮನವಿಗೆ ಒಂದು ವರ್ಷದೊಳಗೆ ಹತ್ತು ಲಕ್ಷ ಸಹಿ ಬೇಕಿತ್ತು. ಬಹುಕಾಲ ಅದು ಕುಂಟುತ್ತಿತ್ತು, ಕೊನೆಯ ವಾರಗಳಲ್ಲಿ ಓಟ ಹಿಡಿದು 2025ರ ಜುಲೈ ಆರಂಭದಲ್ಲಿ ಹತ್ತು ಲಕ್ಷ ದಾಟಿತು.

ಕಂಪನಿಯ ಪರವಾಗಿಯೂ ಒಂದು ಮಾತು ಹೇಳಬೇಕು. ಗಲಾಟೆಯಾದ ಮೇಲೆ, ಸರಣಿಯ ಮುಂದಿನ ಆಟಗಳಾದ ‘ದಿ ಕ್ರ್ಯೂ 2’ ಮತ್ತು ‘ಮೋಟರ್‌ಫೆಸ್ಟ್’ಗೆ ಇಂಟರ್ನೆಟ್ ಇಲ್ಲದೆ ಆಡುವ ವ್ಯವಸ್ಥೆ ತರುವುದಾಗಿ ಯೂಬಿಸಾಫ್ಟ್ 2024ರಲ್ಲಿ ಹೇಳಿತು, ‘ದಿ ಕ್ರ್ಯೂ 2’ಗೆ 2025ರಲ್ಲಿ ಅದು ಬಂದೂ ಬಂತು. ಅಂದರೆ ಮಾಡಲಾಗದ ಕೆಲಸವಲ್ಲ. ಮೊದಲನೆಯದಕ್ಕೆ ಮಾತ್ರ ಆ ಭಾಗ್ಯ ಸಿಗಲಿಲ್ಲ. ಕಂಪನಿ ಮಾಡದೆ ಬಿಟ್ಟದ್ದನ್ನು ಅಭಿಮಾನಿಗಳು ಬಿಡುವಿನ ವೇಳೆಯಲ್ಲಿ ಮಾಡಿದರು.

ತಂಗಿಗೆ ಇಷ್ಟೆಲ್ಲ ಹೇಳುವ ಹೊತ್ತಿಗೆ ನನ್ನ ಜೊತೆಗಾರ ಸೇತುವೆಯ ಮೇಲೆ ನನಗಾಗಿ ನಿಂತಿದ್ದ. ಫೋನ್ ಇಟ್ಟು ಅವನ ಪಕ್ಕ ಹೋದೆ. ಸೇತುವೆಯ ಕಡುಗೆಂಪು ಕಂಬಗಳ ನಡುವೆ ಇಬ್ಬರೂ ಒಟ್ಟಿಗೆ ಓಡಿಸಿ, ಕಡಲ ಪಕ್ಕದ ರಸ್ತೆ ಹಿಡಿದು ತೆಂಕಣಕ್ಕೆ ಇಳಿದೆವು. ಎಡಕ್ಕೆ ಗುಡ್ಡ, ಬಲಕ್ಕೆ ಪೆಸಿಫಿಕ್. ಒಂದು ಇಳಿಜಾರಿನಲ್ಲಿ ಮರಳಿಗೆ ಇಳಿದು ಮುಂದಿನ ಚಕ್ರಗಳನ್ನು ನೀರಿಗೆ ತಾಗಿಸಿ ನಿಲ್ಲಿಸಿದೆ. ಅವನೂ ಹಾಗೇ ಮಾಡಿದ. ಇಲ್ಲಿಗೆ ಬರುವವರಿಗೆಲ್ಲ ಇದೇ ಹುಚ್ಚು ಇರಬೇಕು.

ಅಭಿಮಾನಿಗಳ ಈ ಸರ್ವರಿನ ಮುಂದಿನ ದಾರಿ ಹೇಗೋ ಹೇಳಲಾಗದು. ಅದಕ್ಕೆ ಕಂಪನಿಯ ಅನುಮತಿಯಿಲ್ಲ, ನಾಳೆ ವಕೀಲರ ನೋಟಿಸು ಬಂದರೂ ಬರಬಹುದು. ಆದರೆ ಪ್ರತಿಯೊಬ್ಬರ ಮನೆಯ ಕಂಪ್ಯೂಟರಿನಲ್ಲೂ ಓಡಬಲ್ಲ ಸರ್ವರನ್ನು ಒಂದೇ ಸ್ವಿಚ್ಚಿನಿಂದ ಆರಿಸಲು ಬರುವುದಿಲ್ಲ. ಅವರ ಕೆಲಸದಲ್ಲಿ ನನಗೆ ಎಲ್ಲಕ್ಕಿಂತ ಮೆಚ್ಚುಗೆಯಾದದ್ದು ಇದೇ: ದೇಶವನ್ನು ಕಂಪನಿಯ ಕೈಯಿಂದ ಬಿಡಿಸಿ ತಮ್ಮ ಕೈಯಲ್ಲಿ ಇಟ್ಟುಕೊಳ್ಳಲಿಲ್ಲ, ಎಲ್ಲರ ಕೈಗೂ ಕೊಟ್ಟರು.

ಒಂದು ತೊಡಕು ಉಳಿದಿದೆ. ಅವರು ಸರ್ವರ್ ಕೊಡುತ್ತಾರೆ, ಆಟ ಕೊಡುವುದಿಲ್ಲ. ಆಟದ ಫೈಲುಗಳು ನಮ್ಮ ಬಳಿಯೇ ಇರಬೇಕು. ಹೊಸದಾಗಿ ಕೊಳ್ಳೋಣವೆಂದರೆ ಅಂಗಡಿಯಲ್ಲಿಲ್ಲ. 2016ರ ಸೆಪ್ಟೆಂಬರ್‌ನಲ್ಲಿ ಪುಕ್ಕಟೆ ಸಿಕ್ಕಿತೆಂದು ಇಳಿಸಿಕೊಂಡು ಮರೆತವರು, ಪಿಸಿ ಡಿಸ್ಕನ್ನು ಅಟ್ಟದ ಮೇಲೆ ಎಸೆದವರು ನಮ್ಮ ನಡುವೆ ಬೇಕಾದಷ್ಟು ಜನ ಇದ್ದೀರಿ. ಹಳೆಯ ಕಂಪ್ಯೂಟರನ್ನು ಗುಜರಿಗೆ ಹಾಕುವ ಮುನ್ನ ಅದರ ಹಾರ್ಡ್ ಡಿಸ್ಕನ್ನು ಒಮ್ಮೆ ತೆರೆದು ನೋಡಿ. ಫೋಲ್ಡರ್ ಸಿಕ್ಕರೆ ಅಳಿಸಬೇಡಿ, ಇನ್ನೊಂದು ಪ್ರತಿ ಮಾಡಿಟ್ಟುಕೊಳ್ಳಿ.